ಹನ್ನೊಂದನೇ ವಯಸ್ಸಿಗೇ ಸ್ಟಾರ್, ಆಮೇಲೆ?

ಇವತ್ತು ಒಬ್ಬ ಹುಡುಗನ ಬಗ್ಗೆ ಮಾತಾಡ್ತೀನಿ. ಬೆಳಗಾವಿ ಹತ್ತಿರದ ಸುಳೇಭಾವಿಯವನು. ಹುಟ್ಟಿದ್ದು 1924ರ ಏಪ್ರಿಲ್ 8ರಂದು. ಮನೆಯಲ್ಲಿ ಇಟ್ಟ ಹೆಸರು ಶಿವಪುತ್ರ. ಯಾರೂ ಕೂರಿಸಿ ಪಾಠ ಹೇಳಿರಲಿಲ್ಲ. ಗ್ರಾಮಫೋನ್ ರೆಕಾರ್ಡಿನಲ್ಲಿ ದೊಡ್ಡ ದೊಡ್ಡ ಗವಾಯಿಗಳು ಹಾಡಿದ್ದನ್ನ ಕೇಳಿ, ಒಂದು ತಾನೂ ತಪ್ಪದ ಹಾಗೆ ವಾಪಸ್ ಹಾಡಿಬಿಡ್ತಿದ್ದ. ಹುಡುಗನಿಗೆ ಬಿರುದು ಬಂತು. ಊರೂರಲ್ಲಿ ಕಛೇರಿ ಶುರುವಾಯ್ತು. 1935-36ರ ಹೊತ್ತಿಗೆ ಅಲಹಾಬಾದ್, ಮುಂಬಯಿಯ ದೊಡ್ಡ ಸಮ್ಮೇಳನಗಳಲ್ಲಿ ಹಾಡಿದ. ಆಗ ಅವನಿಗೆ ಹನ್ನೊಂದು-ಹನ್ನೆರಡು ವರ್ಷ. ಸಭೆಯಲ್ಲಿ ಕೂತ ಉಸ್ತಾದರು, ಪಂಡಿತರೆಲ್ಲ ಬೆರಗಾಗಿ ನೋಡಿದರು.

ಆ ಕಾಲಕ್ಕೆ ಟಿವಿ ಇರಲಿಲ್ಲ, ರೀಲ್ಸ್ ಇರಲಿಲ್ಲ. ಇದ್ದಿದ್ದರೆ ಆ ಹುಡುಗ ಒಂದೇ ರಾತ್ರಿಯಲ್ಲಿ ವೈರಲ್. ನೀವು ಬಲ್ಲ ಹೆಸರು ಹೇಳ್ತೀನಿ: ಕುಮಾರ ಗಂಧರ್ವ.

ಈಗ ಅರವತ್ತು-ಎಪ್ಪತ್ತು ವರ್ಷ ಈಚೆಗೆ ಬನ್ನಿ. ಕೆನಡಾದ ಒಂದು ಸಣ್ಣ ಊರಲ್ಲಿ ಇನ್ನೊಬ್ಬ ಹುಡುಗ. 1994ರಲ್ಲಿ ಹುಟ್ಟಿದ ಜಸ್ಟಿನ್ ಬೀಬರ್. ಊರಿನ ಸ್ಪರ್ಧೆಯಲ್ಲಿ ಮಗ ಹಾಡಿದ್ದನ್ನ ನೆಂಟರು ನೋಡಲಿ ಅಂತ ಅವನ ತಾಯಿ ಯೂಟ್ಯೂಬಿಗೆ ಹಾಕಿದಳು. ಅದು ಒಬ್ಬ ಮ್ಯಾನೇಜರನ ಕಣ್ಣಿಗೆ ಬಿತ್ತು. 2010ರಲ್ಲಿ 'ಬೇಬಿ' ಹಾಡು ಬಂದಾಗ ಅವನಿಗಿನ್ನೂ ಹದಿನಾರು ತುಂಬಿರಲಿಲ್ಲ. ಜಗತ್ತಿನ ಹುಡುಗಿಯರೆಲ್ಲ ಅವನ ಪೋಸ್ಟರ್ ಅಂಟಿಸಿಕೊಂಡರು. ಹತ್ತೊಂಬತ್ತು ವರ್ಷಕ್ಕೆ ಪೊಲೀಸರ ಕೈಗೆ ಸಿಕ್ಕಿಬಿದ್ದ. 2017ರ ಮೇ ತಿಂಗಳಲ್ಲಿ ನವಿ ಮುಂಬಯಿಗೆ ಬಂದು ಹಾಡಿದ. ರೆಕಾರ್ಡ್ ಹಾಕಿ ಬಾಯಿ ಆಡಿಸಿದ ಅಂತ ದುಡ್ಡು ಕೊಟ್ಟು ಬಂದ ಜನ ಬೈದುಕೊಂಡು ಹೋದರು. ಎರಡೇ ತಿಂಗಳಲ್ಲಿ ಉಳಿದ ಪ್ರವಾಸವನ್ನೇ ರದ್ದು ಮಾಡಿದ. ಆಗ ಅವನ ವಯಸ್ಸು ಇಪ್ಪತ್ಮೂರು. ನಮ್ಮ ಹುಡುಗರು ಡಿಗ್ರಿ ಮುಗಿಸಿ ಮೊದಲ ಕೆಲಸ ಹುಡುಕೋ ವಯಸ್ಸಿನಲ್ಲಿ ಅವನಿಗೆ ಸುಸ್ತಾಗಿತ್ತು.

ಇಬ್ಬರೂ ಹುಡುಗರು. ಇಬ್ಬರದ್ದೂ ದೇವರು ಕೊಟ್ಟ ಕಂಠ. ವ್ಯತ್ಯಾಸ ಎಲ್ಲಿ ಆಯ್ತು? ಇದನ್ನ ಕೇಳೋದಕ್ಕೆ ಕಾರಣ ಇದೆ. ಈಚೆಗೆ ಹುಬ್ಬಳ್ಳಿಯ ಗೋಪನಕೊಪ್ಪದಲ್ಲಿ ಒಂದು ಕಾರ್ಯಕ್ರಮ ಮುಗಿಸಿ ಹೊರಗೆ ಬರುವಾಗ ಒಬ್ಬ ತಾಯಿ ನಿಲ್ಲಿಸಿ ಕೇಳಿದರು: "ಸರ, ನಮ್ಮ ಹುಡುಗಿ ಭಾಳ ಚಲೋ ಹಾಡ್ತಾಳ್ರೀ. ಬೆಂಗಳೂರಾಗ ಆಡಿಷನ್‌ಗೆ ಕರದಾರ. ಆಯ್ಕೆ ಆದ್ರ ನಾಕೈದು ತಿಂಗಳ ಅಲ್ಲೇ ಇರಬೇಕಂತ. ಸಾಲಿ ಬಿಡಸಲ್ಯೋ ಬ್ಯಾಡೋ?" ಹುಡುಗಿ ಪಕ್ಕದಲ್ಲೇ ನಿಂತಿದ್ದಳು. ಏಳನೇ ಕ್ಲಾಸು. ಅವಳನ್ನ ಯಾರೂ ಏನೂ ಕೇಳಿರಲಿಲ್ಲ.

ಆ ತಾಯಿಯ ಆಸೆ ಸುಳ್ಳಲ್ಲ ನೋಡಿ. ಪಕ್ಕದ ಹಾವೇರಿ ಜಿಲ್ಲೆಯ ಕುರಿಗಾಹಿ ಹನುಮಂತ ಸರಿಗಮಪ ವೇದಿಕೆ ಹತ್ತಿ ಮನೆಮಾತಾದರು, 2025ರ ಜನವರಿಯಲ್ಲಿ ಬಿಗ್ ಬಾಸ್ ಕೂಡ ಗೆದ್ದರು. ಉತ್ತರ ಕರ್ನಾಟಕದ ಪ್ರತಿ ಓಣಿಯಲ್ಲೂ ಆ ಸುದ್ದಿ ಒಂದು ಬಾಗಿಲು ತೆರೆದಿದೆ. ಆದರೆ ಹನುಮಂತ ವೇದಿಕೆ ಹತ್ತಿದಾಗ ಬೆಳೆದ ಯುವಕ. ಬೆಟ್ಟದಲ್ಲಿ ಕುರಿ ಕಾಯ್ದು ಬದುಕು ಕಂಡವರು. ಹನ್ನೆರಡು ವರ್ಷದ ಹುಡುಗಿಯ ಲೆಕ್ಕ ಬೇರೆ.

ಇಂಜಿನಿಯರಿಂಗ್ ಓದಿದವನಾಗಿ ಒಂದು ಉದಾಹರಣೆ ಕೊಡ್ತೀನಿ. ಮನೆ ಕಟ್ಟಿಸಿದವರಿಗೆಲ್ಲ ಇದು ಗೊತ್ತು. ಸ್ಲ್ಯಾಬ್ ಹಾಕಿದ ಮರುದಿನ ಅದು ಗಟ್ಟಿಯಾದ ಹಾಗೇ ಕಾಣುತ್ತೆ. ಮೇಲೆ ನಡೆದಾಡಬಹುದು ಕೂಡ. ಆದರೆ ಯಾವ ಮೇಸ್ತ್ರಿಯೂ ಅದರ ಮೇಲೆ ಭಾರ ಹೇರೋಕೆ ಬಿಡಲ್ಲ. ದಿನಾ ನೀರುಣಿಸಬೇಕು, ಕಾಯಬೇಕು. ಕಾಂಕ್ರೀಟಿನ ಬಲ ಪರೀಕ್ಷೆ ಮಾಡೋದು 28ನೇ ದಿನಕ್ಕೆ. ಅಷ್ಟರೊಳಗೆ ಭಾರ ಹೇರಿದರೆ ಬಿರುಕು ಬಿಡುತ್ತೆ. ಆ ಬಿರುಕು ಅವತ್ತೇ ಕಾಣೋದಿಲ್ಲ, ಮುಂದಿನ ಮಳೆಗಾಲಕ್ಕೆ ಕಾಣುತ್ತೆ.

ಕುಮಾರ ಗಂಧರ್ವರ ವಿಷಯದಲ್ಲಿ ಆಗಿದ್ದು ಇದೇ ನೀರುಣಿಸೋ ಕೆಲಸ. ಜನ ಮುಗಿಬಿದ್ದು ಕರೆಯುತ್ತಿದ್ದ ಕಾಲದಲ್ಲೇ ಹುಡುಗನನ್ನ ಮುಂಬಯಿಯಲ್ಲಿ ಬಿ.ಆರ್. ದೇವಧರರ ಸಂಗೀತ ಶಾಲೆಗೆ ಸೇರಿಸಿದರು. ನಕಲು ಮಾಡೋದರಲ್ಲಿ ಅವನು ಪಂಟ. ಅವನು ಹಾಡಬೇಕಾದ ತನ್ನ ಹಾಡು ಯಾವುದು ಅನ್ನೋದು ಅಲ್ಲಿ ಶುರುವಾದ ಪ್ರಶ್ನೆ. ವರ್ಷಗಟ್ಟಲೆ ಅಲ್ಲೇ ಕಲಿತರು, ಆಮೇಲೆ ಅಲ್ಲೇ ಕಲಿಸಿದರು. ಅಷ್ಟು ಹೊತ್ತಿಗೆ ಕ್ಷಯ ಬಂತು. 1948ರಲ್ಲಿ ಹವೆ ಬದಲಾಗಲಿ ಅಂತ ಮಧ್ಯಪ್ರದೇಶದ ದೇವಾಸಕ್ಕೆ ಹೋದರು. ಹಾಡಬೇಡ ಅಂದರು ಡಾಕ್ಟರು. ಸುಮಾರು ಐದು ವರ್ಷ ಹಾಸಿಗೆಯ ಮೇಲೆ. ಒಂದು ಶ್ವಾಸಕೋಶ ಹೋದ ಹಾಗೇ.

ಬರೀ ಚಪ್ಪಾಳೆಯ ಮೇಲೆ ನಿಂತ ಹುಡುಗ ಆಗಿದ್ದರೆ ಅಲ್ಲಿಗೆ ಕಥೆ ಮುಗೀತಿತ್ತು. ಇವರು ಮಲಗಿದಲ್ಲೇ ಕಿವಿ ತೆರೆದಿಟ್ಟರು. ಕಿಟಕಿಯಾಚೆ ಮಾಳವದ ಹೆಣ್ಣುಮಕ್ಕಳು ಹಾಡೋ ಜನಪದ ಕೇಳಿಸಿಕೊಂಡರು. ಎದ್ದು ಬಂದಾಗ ಉಸಿರು ಗಿಡ್ಡ ಆಗಿತ್ತು. ಆ ಗಿಡ್ಡ ಉಸಿರಿಗೇ ಹೊಂದೋ ಹೊಸ ಗಾಯಕಿ ಕಟ್ಟಿದರು. ಕಬೀರನ ನಿರ್ಗುಣ ಪದಗಳು ಅವರ ದನಿಯಲ್ಲಿ ಮನೆಮನೆಗೆ ಹೋದವು. 1990ರಲ್ಲಿ ಪದ್ಮವಿಭೂಷಣ. 1992ರ ಜನವರಿಯಲ್ಲಿ ತೀರಿಕೊಂಡರು. ಹನ್ನೊಂದು ವರ್ಷದ ಆ ಅದ್ಭುತ ಬಾಲಕನಿಗಾಗಿ ಇವತ್ತು ನಾವು ಅವರನ್ನ ನೆನೆಯೋದಿಲ್ಲ. ಮೂವತ್ತು ದಾಟಿದ ಮೇಲೆ ಹಾಡಿದ್ದಕ್ಕೆ ನೆನೆಯುತ್ತೇವೆ.

ಇನ್ನೊಂದು ಕಥೆ ಹುಬ್ಬಳ್ಳಿಯದೇ. 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದಲ್ಲಿ ಗಾಂಧೀಜಿ ಎದುರು ಸ್ವಾಗತ ಗೀತೆ ಹಾಡಿದ ಮಕ್ಕಳಲ್ಲಿ ಹನ್ನೊಂದು ವರ್ಷದ ಒಬ್ಬ ಹುಡುಗಿ ಇದ್ದಳು. ಹೆಸರು ಗಾಂಧಾರಿ. ಹತ್ತೊಂಬತ್ತಕ್ಕೆ ಗ್ರಾಮಫೋನ್ ಕಂಪನಿಯವರು ಅವಳ ರೆಕಾರ್ಡ್ ತಂದರು. ಎಳೆಯ, ತೆಳುವಾದ ದನಿ. ಆಮೇಲೆ ಗಂಟಲಿನ ಚಿಕಿತ್ಸೆ ಆಗಿ ಆ ದನಿಯೇ ಹೋಯ್ತು. ಗಂಡುದನಿಯ ಹಾಗೆ ಗಡಸು ದನಿ ಉಳೀತು. ಪಾಪ್ ಮಾರ್ಕೆಟ್ಟಿನ ಲೆಕ್ಕದಲ್ಲಿ ಅಲ್ಲಿಗೆ ಮುಗೀತು. ಆದರೆ ಅವರು ಹುಬ್ಬಳ್ಳಿಯಿಂದ ಕುಂದಗೋಳಕ್ಕೆ ರೈಲು ಹತ್ತಿ ಹೋಗಿ ಸವಾಯಿ ಗಂಧರ್ವರ ಹತ್ತಿರ ಕಲಿತರು. ಆ ಗಡಸು ದನಿಯನ್ನೇ ಗಂಗೂಬಾಯಿ ಹಾನಗಲ್ ಅಂತ ದೇಶ ಎದ್ದು ನಿಂತು ಕೇಳಿತು. ಈ ಕಥೆಯಲ್ಲಿ ನನಗೆ ದೊಡ್ಡವರಾಗಿ ಕಾಣೋದು ಅವರ ತಾಯಿ ಅಂಬಾಬಾಯಿ. ಮಗಳ ಹಿಂದೂಸ್ತಾನಿ ಕಲಿಕೆಗೆ ಅಡ್ಡಿ ಆಗಬಾರದು ಅಂತ ತಾವು ಹಾಡುತ್ತಿದ್ದ ಕರ್ನಾಟಕ ಸಂಗೀತವನ್ನೇ ಬಿಟ್ಟ ತಾಯಿ ಅವರು.

ಈಗ ದುಡ್ಡಿನ ಮಾತು. ಚಾಪ್ಲಿನ್ ಜೊತೆ 1921ರ 'ದಿ ಕಿಡ್' ಸಿನಿಮಾದಲ್ಲಿ ನಟಿಸಿದ ಪುಟ್ಟ ಜಾಕಿ ಕೂಗನ್ ಲಕ್ಷಾಂತರ ಡಾಲರ್ ದುಡಿದ. ದೊಡ್ಡವನಾಗಿ ನೋಡಿದರೆ ಬಹುಪಾಲು ಖಾಲಿ. ಹೆತ್ತ ತಾಯಿ, ಮಲತಂದೆ ಮೇಲೇ ಕೋರ್ಟಿಗೆ ಹೋಗಬೇಕಾಯ್ತು. ಆ ಗಲಾಟೆಯಿಂದಲೇ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಮಕ್ಕಳ ದುಡಿಮೆಯ ಒಂದು ಭಾಗ ಮಕ್ಕಳಿಗೇ ಉಳಿಯಬೇಕು ಅನ್ನೋ ಕಾನೂನು ಬಂತು.

ನಮ್ಮಲ್ಲೂ ನಿಯಮ ಇದೆ, ತಂದೆ-ತಾಯಿಗಳೇ ಬರೆದುಕೊಳ್ಳಿ. 2016ರಲ್ಲಿ ಬಾಲಕಾರ್ಮಿಕ ಕಾಯ್ದೆ ತಿದ್ದುಪಡಿ ಆಯ್ತು, 2017ರಲ್ಲಿ ನಿಯಮ ಬಂತು. 14 ತುಂಬದ ಮಗು ಕಲಾವಿದನಾಗಿ ಕೆಲಸ ಮಾಡಬೇಕಾದರೆ ನಿರ್ಮಾಪಕರು ಜಿಲ್ಲಾ ಮ್ಯಾಜಿಸ್ಟ್ರೇಟರ ಅನುಮತಿ ತಗೋಬೇಕು. ದಿನಕ್ಕೆ 5 ಗಂಟೆ ಮೀರೋ ಹಾಗಿಲ್ಲ. ವಿರಾಮ ಇಲ್ಲದೆ 3 ಗಂಟೆ ದಾಟೋ ಹಾಗಿಲ್ಲ. ಒಂದೇ ಸಮನೆ 27 ದಿನಕ್ಕಿಂತ ಹೆಚ್ಚು ಕೆಲಸ ಮಾಡಿಸೋ ಹಾಗಿಲ್ಲ. ಓದು ನಿಲ್ಲಬಾರದು. ಗಳಿಕೆಯಲ್ಲಿ ಕನಿಷ್ಠ ಶೇಕಡಾ 20 ಭಾಗ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿಗೇ ಠೇವಣಿ ಆಗಬೇಕು. ಎಲ್ಲಕ್ಕಿಂತ ಮುಖ್ಯ, ಮಗುವಿಗೆ ಇಷ್ಟ ಇಲ್ಲದಿದ್ದರೆ ಮಾಡಿಸುವಂತೆಯೇ ಇಲ್ಲ. ಆದರೆ ಈ ನಿಯಮ ಬರೆದಿರೋದು 14ರೊಳಗಿನ ಮಕ್ಕಳಿಗೆ. ದನಿ ಒಡೆಯೋದು, ಮೀಸೆ ಚಿಗುರೋದು, ಅಭಿಮಾನಿಗಳು ಹುಟ್ಟೋದು ಅದರ ಆಚೆಗೆ. ಅಲ್ಲಿ ಅಪ್ಪ-ಅವ್ವನೇ ನಿಯಮ ಆಗಬೇಕು.

ಹಾಗಾಗಿ ಗೋಪನಕೊಪ್ಪದ ಆ ತಾಯಿಗೆ ನಾನು ಹೇಳಿದ್ದು ಇಷ್ಟೇ: ಅವ್ವಾ, ಆಡಿಷನ್‌ಗೆ ಬೇಕಾದರೆ ಕರ್ಕೊಂಡು ಹೋಗ್ರಿ. ಸಾಲಿ ಬಿಡಿಸಬೇಡ್ರಿ, ಸಂಗೀತದ ಪಾಠಾನೂ ಬಿಡಿಸಬೇಡ್ರಿ. ಹೋಗೋ ಮೊದಲು ಒಮ್ಮೆ ಆಕೀನ್ನ ಕೇಳ್ರಿ. ಆಕಿ ಒಲ್ಲೆ ಅಂದ್ರ ಅಲ್ಲಿಗೆ ಮುಗೀತು.

ಇನ್ನು ನಮ್ಮ ಪಾಲು. ನಮ್ಮ ಧಂಧೆಯ ಗಣಿತ ಸರಳ. ಗುರುವಾರ ಬಂತು ಅಂದರೆ ಟಿಆರ್‌ಪಿ ಬರುತ್ತೆ. ಮಗು ಹಾಡಿದ್ದಕ್ಕಿಂತ ಮಗು ಅತ್ತಿದ್ದು ಜಾಸ್ತಿ ಓಡುತ್ತೆ. ಎಲಿಮಿನೇಷನ್ ದಿನ ಕ್ಯಾಮೆರಾ ಮಗುವಿನ ಮುಖಕ್ಕಿಂತ ಕಣ್ಣೀರಿಗೆ ಹತ್ತಿರ ಹೋಗುತ್ತೆ. ಅದನ್ನ ಓಡಿಸೋರು ನಾವು ಮಾತ್ರ ಅಲ್ಲ, ನೋಡೋ ನೀವೂ ಹೌದು. ಹಾಡು ಕೇಳೋಕೆ ಕೂತರೆ ಹಾಡು ಬರುತ್ತೆ, ಅಳು ನೋಡೋಕೆ ಕೂತರೆ ಅಳು ಬರುತ್ತೆ. ರಿಮೋಟ್ ನಿಮ್ಮ ಕೈಯಲ್ಲೇ ಇದೆ.

ಮುಂದಿನ ಸಲ ಒಂದು ಮಗು ವೇದಿಕೆ ಮೇಲೆ ಚೆನ್ನಾಗಿ ಹಾಡಿದಾಗ ಜೋರಾಗಿ ಚಪ್ಪಾಳೆ ತಟ್ಟಿ. ತಟ್ಟಿ ಆದ ಮೇಲೆ, ಎಷ್ಟು ವೋಟು ಬಿತ್ತು ಅಂತ ಕೇಳೋದರ ಜೊತೆಗೆ ಇನ್ನೊಂದು ಪ್ರಶ್ನೆನೂ ಕೇಳಿ: ಈ ಮಗುವಿಗೆ ಕಲಿಸೋ ಗುರು ಯಾರು, ನಾಳೆ ಬೆಳಿಗ್ಗೆ ಪಾಠ ಇದೆಯಾ?