ಎಲ್ಲರ ಆಕಾಶ, ಕೆಲವರ ಕ್ಷಿಪಣಿ

(ಪರಿಸರ ಅಧ್ಯಯನ ಶಿಬಿರದಲ್ಲಿ ಗ್ರಾಮಸ್ಥರು ಹಾಗೂ ವಿದ್ಯಾರ್ಥಿಗಳ ಮುಂದೆ ಮಂಡಿಸಿದ ಉಪನ್ಯಾಸದ ಬರಹರೂಪ)



ಅರಣ್ಯ, ನದಿ, ಗಣಿ, ಅಣೆಕಟ್ಟುಗಳ ಬಗ್ಗೆ ಚಿಂತಿಸುವ ವೇದಿಕೆಯಲ್ಲಿ ಕ್ಷಿಪಣಿಯ ಮಾತೇಕೆ ಎಂಬ ಪ್ರಶ್ನೆ ಸಹಜವೇ. ಬಾಹ್ಯಾಕಾಶವೆಂಬುದು ವಿಜ್ಞಾನಿಗಳಿಗೂ ಸೇನಾಪತಿಗಳಿಗೂ ಸೇರಿದ್ದು, ಅಡಿಕೆ ತೋಟದ ಕೃಷಿಕನಿಗೆ ಅದರ ಗೊಡವೆ ಬೇಡ ಎಂಬ ಭಾವನೆ ಬಹಳ ಕಾಲದಿಂದ ಬೇರೂರಿದೆ. ಆದರೆ ಬಾಹ್ಯಾಕಾಶ ಅಷ್ಟೇನೂ ದೂರದಲ್ಲಿಲ್ಲ. ನೆಲದಿಂದ ನೂರು ಕಿ.ಮೀ. ಎತ್ತರಕ್ಕೆ ಅದು ಆರಂಭವಾಗುತ್ತದೆಂದು ಸಾಮಾನ್ಯವಾಗಿ ಎಣಿಸಲಾಗುತ್ತದೆ. ಗಗನಯಾತ್ರಿಗಳು ವಾಸಿಸುವ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣ ಸುಮಾರು 400 ಕಿ.ಮೀ. ಎತ್ತರದಲ್ಲಿದೆ. ಶಿರಸಿಯಿಂದ ಬೆಂಗಳೂರಿಗೆ ಇರುವ ದೂರವೂ ಹೆಚ್ಚುಕಡಿಮೆ ಅಷ್ಟೇ.

ಮುಂಗಾರಿನ ಮುನ್ಸೂಚನೆ, ಕಾಡ್ಗಿಚ್ಚಿನ ಎಚ್ಚರಿಕೆ, ಅರಣ್ಯದ ಹೊದಿಕೆ ಎಲ್ಲಿ ಎಷ್ಟು ಕುಗ್ಗಿತೆಂಬ ನಕ್ಷೆ ಇವೆಲ್ಲವೂ ಇಂದು ಉಪಗ್ರಹಗಳನ್ನು ಅವಲಂಬಿಸಿವೆ. ಅವು ಸುತ್ತುವ ಕಕ್ಷೆಗಳು ಯಾವ ದೇಶದ ಸ್ವತ್ತೂ ಅಲ್ಲ. ಊರಿನ ಗೋಮಾಳದಂತೆ, ಕೆರೆಯಂತೆ, ಅವು ಸಮಸ್ತ ಮಾನವಕುಲದ ಒಟ್ಟು ಸ್ವತ್ತು. ಆ ಸ್ವತ್ತಿನ ಮೇಲೆ ಸೈನಿಕ ಶಕ್ತಿಯ ಪ್ರದರ್ಶನ ನಡೆದಾಗ ಉಳಿಯುವ ಕಸವನ್ನು ಯಾರು ಹೊರಬೇಕು ಎಂಬುದೇ ಈ ಉಪನ್ಯಾಸದ ವಿಷಯ.

ಹುಟ್ಟಿನಿಂದ ಬಂದ ನಂಟು

ಬಾಹ್ಯಾಕಾಶವನ್ನು ಮೊದಲು ತಲುಪಿದ ಮಾನವನಿರ್ಮಿತ ವಸ್ತು ಒಂದು ಆಯುಧ. ಹಿಟ್ಲರನ ಜರ್ಮನಿ ನಿರ್ಮಿಸಿದ ವಿ-2 ಕ್ಷಿಪಣಿ 1944ರ ಜೂನ್ ತಿಂಗಳ ಪರೀಕ್ಷೆಯಲ್ಲಿ ನೂರು ಕಿ.ಮೀ. ಎತ್ತರವನ್ನು ದಾಟಿತು. ಅದನ್ನು ತಯಾರಿಸಲು ಬೆಟ್ಟದೊಳಗಿನ ಸುರಂಗಗಳಲ್ಲಿ ದುಡಿಸಿದ್ದು ಮಿಟೆಲ್‌ಬೌ-ಡೋರಾ ಬಂಧಿ ಶಿಬಿರದ ಕೈದಿಗಳನ್ನು. ಅಲ್ಲಿ ಸುಮಾರು 60,000 ಕೈದಿಗಳ ಪೈಕಿ 20,000 ಮಂದಿ ಅಸುನೀಗಿದರು. ಯುದ್ಧ ಮುಗಿದ ಮೇಲೆ ಅದೇ ತಂತ್ರಜ್ಞಾನವನ್ನು ಅಮೆರಿಕ ಮತ್ತು ಸೋವಿಯತ್ ಒಕ್ಕೂಟಗಳು ಹಂಚಿಕೊಂಡವು. 1957ರ ಅಕ್ಟೋಬರ್ 4ರಂದು ಸ್ಪುಟ್ನಿಕ್ ಉಪಗ್ರಹವನ್ನು ಮೇಲೊಯ್ದ ರಾಕೆಟ್ ಮೂಲತಃ ಅಣುಬಾಂಬನ್ನು ಖಂಡಾಂತರಕ್ಕೆ ಒಯ್ಯಲು ರೂಪಿಸಿದ ಆರ್-7 ಕ್ಷಿಪಣಿಯೇ ಆಗಿತ್ತು.

ಐದು ವರ್ಷ ಕಳೆಯುವುದರೊಳಗೆ ಆಕಾಶದಲ್ಲಿಯೇ ಅಣುಸ್ಫೋಟ ನಡೆಯಿತು. 1962ರ ಜುಲೈ 9ರಂದು ಅಮೆರಿಕವು ಪೆಸಿಫಿಕ್ ಸಾಗರದ ಜಾನ್‌ಸ್ಟನ್ ದ್ವೀಪದ ಮೇಲೆ, 400 ಕಿ.ಮೀ. ಎತ್ತರದಲ್ಲಿ, 1.4 ಮೆಗಾಟನ್ ಶಕ್ತಿಯ ಬಾಂಬನ್ನು ಸಿಡಿಸಿತು. 'ಸ್ಟಾರ್‌ಫಿಶ್ ಪ್ರೈಮ್' ಎಂಬುದು ಆ ಪರೀಕ್ಷೆಯ ಹೆಸರು. ಸಾವಿರ ಕಿ.ಮೀ.ಗೂ ಹೆಚ್ಚು ದೂರದ ಹವಾಯಿ ದ್ವೀಪದಲ್ಲಿ ಬೀದಿದೀಪಗಳು ಆರಿಹೋದವು. ಭೂಮಿಯ ಸುತ್ತ ಕೃತಕ ವಿಕಿರಣದ ಪಟ್ಟಿಯೊಂದು ಏರ್ಪಟ್ಟು ಹಲವು ಉಪಗ್ರಹಗಳು ಹಾಳಾದವು. ಬ್ರಿಟನ್ನಿನ ಮೊದಲ ಉಪಗ್ರಹ ಏರಿಯಲ್-1 ಅವುಗಳಲ್ಲೊಂದು. ಮಿತ್ರರಾಷ್ಟ್ರದ ಉಪಗ್ರಹವನ್ನೂ ಆ ಸ್ಫೋಟ ಬಿಡಲಿಲ್ಲ. ಮರುವರ್ಷ, 1963ರಲ್ಲಿ, ವಾತಾವರಣ, ಬಾಹ್ಯಾಕಾಶ ಹಾಗೂ ನೀರಿನೊಳಗೆ ಅಣುಪರೀಕ್ಷೆ ನಡೆಸುವುದನ್ನು ನಿಷೇಧಿಸುವ ಒಪ್ಪಂದವಾಯಿತು. ಹಾನಿ ಎಲ್ಲರಿಗೂ ತಟ್ಟಿದಾಗ ಬದ್ಧವೈರಿಗಳೂ ಒಂದು ಕಟ್ಟಳೆಗೆ ಒಪ್ಪಬಲ್ಲರು ಎಂಬುದಕ್ಕೆ ಇದು ಸಾಕ್ಷಿ.

ನಾಲ್ಕು ದೇಶಗಳು, ಸಾವಿರಾರು ಚೂರುಗಳು

ಅಣುಬಾಂಬಿಗೆ ತಡೆ ಬಿದ್ದರೂ ಉಪಗ್ರಹಗಳನ್ನು ಒಡೆಯುವ ಕ್ಷಿಪಣಿಗಳಿಗೆ ತಡೆ ಬೀಳಲಿಲ್ಲ. ಈವರೆಗೆ ಅಮೆರಿಕ, ರಷ್ಯಾ, ಚೀನಾ ಮತ್ತು ಭಾರತ ಈ ನಾಲ್ಕು ದೇಶಗಳು ತಮ್ಮದೇ ಉಪಗ್ರಹಗಳನ್ನು ಕ್ಷಿಪಣಿಯಿಂದ ಒಡೆದು ತೋರಿಸಿವೆ.

1985ರ ಸೆಪ್ಟೆಂಬರ್ 13ರಂದು ಅಮೆರಿಕದ ಯುದ್ಧವಿಮಾನವೊಂದು ಹಾರಿಸಿದ ಕ್ಷಿಪಣಿ ಸಾಲ್‌ವಿಂಡ್ ಎಂಬ ಉಪಗ್ರಹವನ್ನು ಸುಮಾರು 555 ಕಿ.ಮೀ. ಎತ್ತರದಲ್ಲಿ ಛಿದ್ರಗೊಳಿಸಿತು. ಸೂರ್ಯನನ್ನು ಅಭ್ಯಸಿಸುತ್ತಿದ್ದ ಆ ಉಪಗ್ರಹ ಆಗಲೂ ಕೆಲಸ ಮಾಡುತ್ತಿತ್ತು. ಅದರ ಎಲ್ಲ ಚೂರುಗಳು ಕೆಳಗಿಳಿಯಲು ಹದಿನೈದು ವರ್ಷಗಳಿಗೂ ಹೆಚ್ಚು ಕಾಲ ಹಿಡಿಯಿತು.

2007ರ ಜನವರಿ 11ರಂದು ಚೀನಾ ಒಡೆದದ್ದು ಫೆಂಗ್‌ಯುನ್-1ಸಿ ಎಂಬ ತನ್ನ ಹಳೆಯ ಹವಾಮಾನ ಉಪಗ್ರಹವನ್ನು. ಎತ್ತರ ಸುಮಾರು 865 ಕಿ.ಮೀ. ಗುರುತಿಸಬಹುದಾದ ಚೂರುಗಳೇ 3,000ಕ್ಕೂ ಹೆಚ್ಚು. ಒಂದೇ ಘಟನೆಯಿಂದ ಇಷ್ಟೊಂದು ಕಸ ಹಿಂದೆಂದೂ ಉಂಟಾಗಿರಲಿಲ್ಲ. 2021ರ ನವೆಂಬರಿನಲ್ಲಿ, ಅಂದರೆ ಹದಿನಾಲ್ಕು ವರ್ಷಗಳ ಬಳಿಕ, ಇದರ ಒಂದು ಚೂರಿನಿಂದ ತಪ್ಪಿಸಿಕೊಳ್ಳಲು ಬಾಹ್ಯಾಕಾಶ ನಿಲ್ದಾಣವೇ ತನ್ನ ಕಕ್ಷೆಯನ್ನು ಬದಲಿಸಬೇಕಾಯಿತು. ಅದಾದ ಕೆಲವೇ ದಿನಗಳಲ್ಲಿ, ನವೆಂಬರ್ 15ರಂದು, ರಷ್ಯಾ ತನ್ನ ಕಾಸ್ಮೋಸ್-1408 ಉಪಗ್ರಹವನ್ನು ಒಡೆಯಿತು. 1,500ಕ್ಕೂ ಹೆಚ್ಚು ಚೂರುಗಳು ಹರಡಿದವು. ನಿಲ್ದಾಣದಲ್ಲಿದ್ದ ಏಳು ಮಂದಿ ಹಿಂದಿರುಗುವ ನೌಕೆಗಳೊಳಗೆ ಆಶ್ರಯ ಪಡೆಯಬೇಕಾಯಿತು. ಅವರಲ್ಲಿ ರಷ್ಯಾದವರೂ ಇದ್ದರು.

ಭಾರತವು 2019ರ ಮಾರ್ಚ್ 27ರಂದು 'ಮಿಷನ್ ಶಕ್ತಿ' ಹೆಸರಿನಲ್ಲಿ ಒಡಿಶಾ ಕರಾವಳಿಯ ಅಬ್ದುಲ್ ಕಲಾಂ ದ್ವೀಪದಿಂದ ಕ್ಷಿಪಣಿ ಹಾರಿಸಿ, ಎರಡು ತಿಂಗಳ ಹಿಂದಷ್ಟೇ ಉಡಾಯಿಸಿದ್ದ ಮೈಕ್ರೋಸ್ಯಾಟ್-ಆರ್ ಉಪಗ್ರಹವನ್ನು ಒಡೆಯಿತು. ಚೂರುಗಳು ಬೇಗನೆ ಉರಿದುಹೋಗಲೆಂದು ಸುಮಾರು 283 ಕಿ.ಮೀ.ನ ಕಡಿಮೆ ಎತ್ತರವನ್ನು ಆರಿಸಲಾಗಿತ್ತು. ಚೀನಾದ ಪರೀಕ್ಷೆಗೆ ಹೋಲಿಸಿದರೆ ಹಾನಿ ಬಹಳ ಕಡಿಮೆ ಎಂಬುದು ನಿಜ. ಹೆಚ್ಚಿನ ಚೂರುಗಳು ಕೆಲವು ತಿಂಗಳಲ್ಲಿ ಬಿದ್ದವು. ಆದರೆ ಡಿಕ್ಕಿಯ ರಭಸಕ್ಕೆ ಕೆಲವು ಚೂರುಗಳು ನಿಲ್ದಾಣದ ಎತ್ತರವನ್ನೂ ಮೀರಿ ಚಿಮ್ಮಿದವು. ಕೆಲವು ಎರಡು ವರ್ಷಗಳಿಗೂ ಮಿಕ್ಕಿ ಸುತ್ತುತ್ತಿದ್ದವು. ಎಚ್ಚರಿಕೆಯಿಂದ ಒಡೆದರೂ ಒಡೆದ ವಸ್ತು ಹೇಳಿದ ಮಾತನ್ನು ಕೇಳುವುದಿಲ್ಲ.

ಸಣ್ಣ ಚೂರಿಗೆ ಅಂಜಿಕೆ ಏಕೆ?

ಕೆಳಕಕ್ಷೆಯಲ್ಲಿ ಸುತ್ತುವ ವಸ್ತುವಿನ ವೇಗ ಗಂಟೆಗೆ ಸುಮಾರು 28,000 ಕಿ.ಮೀ. ಆ ವೇಗದಲ್ಲಿ ಅಡಿಕೆ ಗಾತ್ರದ ಲೋಹದ ಚೂರು ಇಡೀ ಉಪಗ್ರಹವನ್ನು ನಾಶಗೊಳಿಸಬಲ್ಲದು. ಎತ್ತರ ಹೆಚ್ಚಿದಷ್ಟೂ ಗಾಳಿಯ ಅಂಶ ತೀರ ವಿರಳ; ಆದ್ದರಿಂದ 800 ಕಿ.ಮೀ. ಮೇಲಿನ ಚೂರು ಕೆಳಗಿಳಿಯಲು ಹಲವು ದಶಕಗಳು, ಕೆಲವೊಮ್ಮೆ ಶತಮಾನಗಳೇ ಬೇಕು. ಒಂದು ಚೂರು ಇನ್ನೊಂದು ಉಪಗ್ರಹವನ್ನು ಒಡೆದರೆ ಮತ್ತಷ್ಟು ಚೂರುಗಳು, ಅವುಗಳಿಂದ ಇನ್ನಷ್ಟು ಡಿಕ್ಕಿಗಳು. ಈ ಸರಪಳಿಯ ಅಪಾಯವನ್ನು ನಾಸಾದ ವಿಜ್ಞಾನಿ ಡೊನಾಲ್ಡ್ ಕೆಸ್ಲರ್ 1978ರಲ್ಲಿಯೇ ತಮ್ಮ ಸಹೋದ್ಯೋಗಿಯೊಡನೆ ಲೆಕ್ಕಹಾಕಿ ತೋರಿಸಿದ್ದರು. ಬೇಸಿಗೆಯ ಒಣಹುಲ್ಲಿಗೆ ತಗುಲಿದ ಬೆಂಕಿಯ ಸ್ವಭಾವ ಮಲೆನಾಡಿನವರಿಗೆ ವಿವರಿಸಬೇಕಿಲ್ಲ. ಆರಂಭದಲ್ಲಿ ತಡೆಯದಿದ್ದರೆ ಆಮೇಲೆ ಅದು ತಾನಾಗಿಯೇ ಬೆಳೆಯುತ್ತದೆ.

ಯುರೋಪಿನ ಬಾಹ್ಯಾಕಾಶ ಸಂಸ್ಥೆಯ 2025ರ ಅಂದಾಜಿನ ಪ್ರಕಾರ ಒಂದು ಸೆಂಟಿಮೀಟರಿಗಿಂತ ದೊಡ್ಡದಾದ ಚೂರುಗಳ ಸಂಖ್ಯೆ ಹತ್ತು ಲಕ್ಷವನ್ನು ಮೀರಿದೆ. ಇದೆಲ್ಲವೂ ಕ್ಷಿಪಣಿ ಪರೀಕ್ಷೆಗಳಿಂದ ಬಂದದ್ದಲ್ಲ. ಹಳೆಯ ರಾಕೆಟ್‌ಗಳ ಸ್ಫೋಟ, ಸತ್ತ ಉಪಗ್ರಹಗಳ ಪಾಲೂ ದೊಡ್ಡದಿದೆ. ಆದರೆ ಅವು ಅಪಘಾತಗಳು ಅಥವಾ ಅಲಕ್ಷ್ಯದ ಫಲಗಳು. ಕ್ಷಿಪಣಿ ಪರೀಕ್ಷೆಯಾದರೋ ತಿಳಿದೂ ತಿಳಿದೂ ಎಸಗುವ ಕೃತ್ಯ.

ಭಾರತದ ಅರಣ್ಯ ಸಮೀಕ್ಷೆಗೆ ಚಿತ್ರಗಳನ್ನು ಒದಗಿಸುವ ರಿಸೋರ್ಸ್‌ಸ್ಯಾಟ್ ಉಪಗ್ರಹಗಳು ಸುತ್ತುವುದು ಸುಮಾರು 817 ಕಿ.ಮೀ. ಎತ್ತರದಲ್ಲಿ, ಅಂದರೆ ಫೆಂಗ್‌ಯುನ್ ಚೂರುಗಳ ನೆರೆಯಲ್ಲಿಯೇ. ಬೆಂಗಳೂರಿನಲ್ಲಿರುವ ಇಸ್ರೋ ಕೇಂದ್ರದ ವಿಜ್ಞಾನಿಗಳು ಇಂಥ ವಸ್ತುಗಳ ಮೇಲೆ ಹಗಲಿರುಳು ಕಣ್ಣಿಡಬೇಕಾಗಿದೆ. 2022ರ ಒಂದೇ ವರ್ಷದಲ್ಲಿ ಡಿಕ್ಕಿ ತಪ್ಪಿಸಲು ಇಸ್ರೋ 21 ಬಾರಿ ತನ್ನ ಉಪಗ್ರಹಗಳ ದಾರಿಯನ್ನು ಬದಲಿಸಿತು. ಪ್ರತಿ ಬಾರಿಯೂ ಇಂಧನ ವ್ಯಯವಾಗುತ್ತದೆ. ಇಂಧನ ಕಡಿಮೆಯಾದಷ್ಟೂ ಉಪಗ್ರಹದ ಆಯುಷ್ಯ ಕುಗ್ಗುತ್ತದೆ.

ನೆಲ ಕಳೆದುಕೊಂಡವರು

ಆಕಾಶದ ಬಲಕ್ಕೆ ನೆಲವೂ ಬೇಕು. ಆ ನೆಲ ಬಹುತೇಕ ಧ್ವನಿಯಿಲ್ಲದವರದ್ದೇ ಆಗಿರುತ್ತದೆ. ಪೆಸಿಫಿಕ್ ಸಾಗರದ ಮಾರ್ಷಲ್ ದ್ವೀಪಗಳ ಕ್ವಾಜಲೀನ್ ಹವಳದ್ವೀಪ ಅಮೆರಿಕದ ಕ್ಷಿಪಣಿಗಳಿಗೆ ಗುರಿತಾಣ. ಅದಕ್ಕಾಗಿ ಸ್ಥಳಾಂತರಗೊಂಡ ದ್ವೀಪವಾಸಿಗಳು ನೂರು ಎಕರೆಯೂ ಇಲ್ಲದ ಎಬೈ ಎಂಬ ಪುಟ್ಟ ನಡುಗಡ್ಡೆಯಲ್ಲಿ ಸಾವಿರಾರು ಸಂಖ್ಯೆಯಲ್ಲಿ ಒತ್ತೊತ್ತಾಗಿ ಬದುಕುವಂತಾಯಿತು.

ಒಡಿಶಾದ ಬಾಲಿಯಾಪಾಲ್ ಪ್ರದೇಶದಲ್ಲಿ 1980ರ ದಶಕದ ಮಧ್ಯದಲ್ಲಿ ಕ್ಷಿಪಣಿ ಪರೀಕ್ಷಾ ನೆಲೆಯೊಂದನ್ನು ಸ್ಥಾಪಿಸುವ ನಿರ್ಧಾರವಾದಾಗ, ವೀಳ್ಯದೆಲೆ, ಭತ್ತ, ತೆಂಗು ಬೆಳೆಯುವ ರೈತರೂ ಮೀನುಗಾರರೂ ಒಟ್ಟಾಗಿ ನಿಂತರು. ಊರಿನ ದಾರಿಗಳಿಗೆ ಅಡ್ಡಗಟ್ಟೆ ಹಾಕಿದರು. ಅಧಿಕಾರಿಗಳ ವಾಹನ ಕಂಡೊಡನೆ ಶಂಖ ಊದಿ, ತಟ್ಟೆ ಬಾರಿಸಿ ಜನರನ್ನು ಕೂಡಿಸುತ್ತಿದ್ದರು. ಆ ಫಲವತ್ತಾದ ನೆಲ ಕೊನೆಗೂ ಅವರ ಕೈತಪ್ಪಲಿಲ್ಲ.

ಕರ್ನಾಟಕದಲ್ಲಿಯೂ ಇಂಥ ಉದಾಹರಣೆಯಿದೆ. ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆಯಲ್ಲಿ ಕುರಿ, ದನ ಮೇಯಿಸುವವರ ತಲೆಮಾರುಗಳ ಆಸರೆಯಾಗಿದ್ದ ಅಮೃತಮಹಲ್ ಕಾವಲಿನ ಸುಮಾರು 10,000 ಎಕರೆ ಹುಲ್ಲುಗಾವಲು ರಕ್ಷಣಾ, ಬಾಹ್ಯಾಕಾಶ, ಅಣುಶಕ್ತಿ ಮುಂತಾದ ಸಂಸ್ಥೆಗಳ ಪಾಲಾಯಿತು. ಗೋಡೆಗಳೆದ್ದ ಮೇಲೆಯೇ ವಿಷಯ ತಿಳಿದವರು ಅನೇಕರು. ಅಲ್ಲಿ ತಲೆಯೆತ್ತಿದ ವಿಜ್ಞಾನದ ಕಾರ್ಯಗಳೆಲ್ಲವೂ ಯುದ್ಧಕ್ಕೆ ಸಂಬಂಧಿಸಿದ್ದಲ್ಲ. ಆದರೆ ಒಟ್ಟು ಸ್ವತ್ತನ್ನು ಅದರ ಬಳಕೆದಾರರನ್ನು ಕೇಳದೆ ಪಡೆಯುವ ಪದ್ಧತಿ ನೆಲದಲ್ಲಿಯೂ ಆಕಾಶದಲ್ಲಿಯೂ ಒಂದೇ ಆಗಿದೆ.

ಮೇಲಿನಿಂದ ಬಿದ್ದದ್ದೂ ಉಂಟು. 1978ರ ಜನವರಿಯಲ್ಲಿ ಅಣುಸ್ಥಾವರವನ್ನು ಹೊತ್ತಿದ್ದ ಸೋವಿಯತ್ ಬೇಹು ಉಪಗ್ರಹ ಕಾಸ್ಮೋಸ್-954 ಕೆನಡಾದ ಉತ್ತರ ಭಾಗದಲ್ಲಿ ಬಿದ್ದು, ಸುಮಾರು 600 ಕಿ.ಮೀ. ಉದ್ದಕ್ಕೂ ವಿಕಿರಣಶೀಲ ಚೂರುಗಳನ್ನು ಚೆಲ್ಲಿತು. ಬೇಟೆ ಮತ್ತು ಮೀನುಗಾರಿಕೆಯಿಂದ ಬದುಕುವ ಮೂಲನಿವಾಸಿಗಳ ನಾಡು ಅದು. ಕೆನಡಾ ಕೇಳಿದ್ದು 60 ಲಕ್ಷ ಡಾಲರ್. 1981ರಲ್ಲಿ ಸೋವಿಯತ್ ಒಕ್ಕೂಟ ಕೊಡಲೊಪ್ಪಿದ್ದು 30 ಲಕ್ಷ.

ಕಾನೂನಿನಲ್ಲಿ ಉಳಿದ ಕಂಡಿ

1967ರ ಬಾಹ್ಯಾಕಾಶ ಒಪ್ಪಂದವು ಆಕಾಶವನ್ನು ಯಾವ ರಾಷ್ಟ್ರವೂ ತನ್ನದೆನ್ನಬಾರದೆಂದು ಸಾರುತ್ತದೆ. ಕಕ್ಷೆಯಲ್ಲಿ ಅಣ್ವಸ್ತ್ರಗಳನ್ನೂ ಇತರ ಸಾಮೂಹಿಕ ವಿನಾಶಕ ಅಸ್ತ್ರಗಳನ್ನೂ ಇಡುವುದನ್ನು ನಿಷೇಧಿಸುತ್ತದೆ. ಭಾರತವೂ ಇದಕ್ಕೆ ಬದ್ಧವಾಗಿದೆ. ಆದರೆ ಸಾಮಾನ್ಯ ಅಸ್ತ್ರಗಳನ್ನು ಕಕ್ಷೆಯಲ್ಲಿಡುವುದಕ್ಕಾಗಲಿ, ನೆಲದಿಂದ ಕ್ಷಿಪಣಿ ಹಾರಿಸಿ ಉಪಗ್ರಹ ಒಡೆಯುವುದಕ್ಕಾಗಲಿ ಅದರಲ್ಲಿ ಸ್ಪಷ್ಟ ನಿಷೇಧವಿಲ್ಲ. ಈ ಕಂಡಿಯಲ್ಲಿಯೇ ಎಲ್ಲರೂ ನುಸುಳಿದ್ದಾರೆ.

ಇಂಥ ವಿನಾಶಕ ಪರೀಕ್ಷೆಗಳನ್ನು ನಡೆಸುವುದಿಲ್ಲವೆಂದು 2022ರ ಏಪ್ರಿಲ್‌ನಲ್ಲಿ ಅಮೆರಿಕ ಘೋಷಿಸಿತು. ಅದೇ ಡಿಸೆಂಬರಿನಲ್ಲಿ ಎಲ್ಲ ದೇಶಗಳೂ ಹಾಗೆಯೇ ನಡೆದುಕೊಳ್ಳಲೆಂಬ ನಿರ್ಣಯಕ್ಕೆ ವಿಶ್ವಸಂಸ್ಥೆಯ ಮಹಾಸಭೆಯಲ್ಲಿ 155 ದೇಶಗಳು ಸಮ್ಮತಿಸಿದವು. ರಷ್ಯಾ, ಚೀನಾ ಸೇರಿ ಒಂಬತ್ತು ದೇಶಗಳು ವಿರೋಧಿಸಿದವು. ಭಾರತ ತಟಸ್ಥವಾಗಿ ಉಳಿಯಿತು. ಬರಿಯ ಘೋಷಣೆಗಿಂತ ಕಾನೂನುಬದ್ಧ ಒಪ್ಪಂದ ಬೇಕೆಂಬುದು ಭಾರತದ ಬಹುಕಾಲದ ನಿಲುವು. ಅದರಲ್ಲಿ ನ್ಯಾಯವಿದೆ. ಆದರೆ ಒಪ್ಪಂದ ಬರುವ ತನಕ ಸ್ವಯಂ ನಿರ್ಬಂಧಕ್ಕೆ ಅದು ಅಡ್ಡಿಯಾಗಬೇಕಿಲ್ಲ. ಇತ್ತ 2025ರಲ್ಲಿ ಅಮೆರಿಕ ಪ್ರಕಟಿಸಿದ 'ಗೋಲ್ಡನ್ ಡೋಮ್' ಯೋಜನೆಯಲ್ಲಿ ಕ್ಷಿಪಣಿ ತಡೆಯುವ ಅಸ್ತ್ರಗಳನ್ನು ಕಕ್ಷೆಯಲ್ಲಿಯೇ ನೆಲೆಗೊಳಿಸುವ ಉದ್ದೇಶವಿದೆ. ಒಂದು ಕೈಯಿಂದ ಸಂಯಮದ ಮಾತು, ಇನ್ನೊಂದು ಕೈಯಿಂದ ಹೊಸ ಪೈಪೋಟಿಯ ಸಿದ್ಧತೆ.

ಕೇಳಬೇಕಾದ ಪ್ರಶ್ನೆಗಳು

ದೇಶದ ರಕ್ಷಣೆ ಬೇಡವೆಂದು ಯಾರೂ ಹೇಳಲಾರರು. ಗಡಿಯಲ್ಲಿ ನೆರೆಯ ಬಲಿಷ್ಠರ ಭಯವಿರುವ ದೇಶಕ್ಕೆ ತನ್ನ ಉಪಗ್ರಹಗಳ ಚಿಂತೆ ಇರುವುದು ಸಹಜ. ಆದರೆ ಉಪಗ್ರಹ ಒಡೆಯುವ ಅಸ್ತ್ರದಿಂದ ಉಪಗ್ರಹಕ್ಕೆ ರಕ್ಷಣೆ ದೊರೆಯುವುದಿಲ್ಲ. ನಿಜವಾದ ಯುದ್ಧದಲ್ಲಿ ಹತ್ತಾರು ಉಪಗ್ರಹಗಳು ಒಡೆದರೆ ಗೆದ್ದವರ ಕಕ್ಷೆಯೂ ಸೋತವರ ಕಕ್ಷೆಯೂ ಒಂದೇ ಸಮನೆ ಹಾಳಾಗುತ್ತವೆ. ಯುದ್ಧದಲ್ಲಿ ಪಾಲೇ ಇಲ್ಲದ ದೇಶಗಳ ಮಳೆಯ ಮುನ್ಸೂಚನೆಯೂ ನಿಂತುಹೋಗುತ್ತದೆ.

ಗೋಮಾಳ ಉಳಿದ ಊರುಗಳಲ್ಲಿ ಅದು ಉಳಿದದ್ದು ಒಬ್ಬ ಬಲಿಷ್ಠನ ಕಾವಲಿನಿಂದಲ್ಲ; ಎಲ್ಲರೂ ಒಪ್ಪಿದ, ಎಲ್ಲರಿಗೂ ಅನ್ವಯಿಸುವ ಕಟ್ಟಳೆಯಿಂದ. ಆಕಾಶಕ್ಕೂ ಅಂಥದೇ ಕಟ್ಟಳೆ ಬೇಕಾಗಿದೆ: ಕಕ್ಷೆಯಲ್ಲಿ ಏನನ್ನೂ ಉದ್ದೇಶಪೂರ್ವಕವಾಗಿ ಒಡೆಯಬಾರದು, ಒಡೆದವರು ಹಾನಿಗೆ ಹೊಣೆಯಾಗಬೇಕು, ನೆಲ ಬೇಕಾದಲ್ಲಿ ಆ ನೆಲದ ಜನರನ್ನು ಮೊದಲು ಕೇಳಬೇಕು. ಭಾರತವು ಇನ್ನು ಇಂಥ ಪರೀಕ್ಷೆ ನಡೆಸುವುದಿಲ್ಲವೆಂದು ಘೋಷಿಸುವುದೇ ಎಂದು ಮತ ಕೇಳಲು ಬರುವ ಜನಪ್ರತಿನಿಧಿಗಳನ್ನು ಪ್ರಶ್ನಿಸುವ ಹಕ್ಕು ಹಳ್ಳಿಯ ಪ್ರತಿ ಮತದಾರನಿಗೂ ಇದೆ. ಶಾಲಾ ಕಾಲೇಜುಗಳ ವಿದ್ಯಾರ್ಥಿಗಳು ರಾಕೆಟ್ ಉಡಾವಣೆಯ ಸಂಭ್ರಮದ ಜೊತೆಗೆ ಅದು ಏನನ್ನು ಹೊತ್ತೊಯ್ಯುತ್ತಿದೆ, ಏನನ್ನು ಬಿಟ್ಟುಹೋಗುತ್ತದೆ ಎಂಬುದನ್ನೂ ಅಭ್ಯಸಿಸಬೇಕು. ಬೆಟ್ಟ, ಕೆರೆಗಳನ್ನು ಕಾಯ್ದುಕೊಂಡು ಬಂದ ಜನರಿಗೆ ಈ ಕೆಲಸ ಹೊಸದೇನಲ್ಲ. ಕಾಯಬೇಕಾದ ಸ್ವತ್ತು ಈ ಬಾರಿ ಸ್ವಲ್ಪ ಎತ್ತರದಲ್ಲಿದೆ, ಅಷ್ಟೇ.