ಸ್ನೇಹ ಮತ್ತು ನಿಜನುಡಿ



ಸಂಸ್ಕೃತದಲ್ಲಿ ಸ್ನೇಹವೆಂಬ ಶಬ್ದಕ್ಕೆ ಎಣ್ಣೆಯೆಂಬ ಅರ್ಥವೂ ಉಂಟು. ಎಣ್ಣೆ ಕಾಣದ ಗಾಲಿ ಅಚ್ಚನ್ನೇ ತಿನ್ನುತ್ತದೆ. ಗೆಳೆಯರಲ್ಲಿ ನಂಬಿಕೆಯೊಂದಿದ್ದರೆ ಸಾಕು, ಮಾತು ಬೇಕಿಲ್ಲವೆಂದು ಬಹುಮಂದಿ ತಿಳಿದಿದ್ದಾರೆ. ಸಾಲದು.

ಪಂಪ ಮಹಾಕವಿಯ ವಿಕ್ರಮಾರ್ಜುನ ವಿಜಯವನ್ನು ನೋಡಿರಿ. ಹತ್ತನೆಯ ಶತಮಾನದ ಕಾವ್ಯ. ಕೃಷ್ಣನು ಕರ್ಣನಿಗೆ ಏಕಾಂತದಲ್ಲಿ, ನೀನು ಕುಂತಿಯ ಮಗನೆಂದು ತಿಳಿಸುತ್ತಾನೆ. ದುರ್ಯೋಧನನಿಗೂ ಇದು ಗೊತ್ತು, ಗೊತ್ತಿದ್ದೇ ನಿನ್ನನ್ನು ಇಟ್ಟುಕೊಂಡಿದ್ದಾನೆಂದು ಸಂಶಯದ ಬೀಜವನ್ನೂ ಬಿತ್ತುತ್ತಾನೆ. ಕರ್ಣ ಕದಲಲಿಲ್ಲ, ಉಂಡ ಅನ್ನದ ಋಣ ಬಿಡಲಿಲ್ಲ. ಆದರೆ ನೇರ ಹೋಗಿ, ‘ಗೆಳೆಯಾ, ಇಂಥ ಮಾತು ಕಿವಿಗೆ ಬಿತ್ತು, ನಿಜವೇನು?’ ಎಂದು ಕೇಳಲೂ ಇಲ್ಲ. ರನ್ನನ ಗದಾಯುದ್ಧದಲ್ಲಿ ದುರ್ಯೋಧನನೋ, ರಣಭೂಮಿಯಲ್ಲಿ ಕರ್ಣನ ಹೆಣವನ್ನು ಕಂಡಾಗ, ನಿನ್ನ ಹುಟ್ಟನ್ನು ನಾನೂ ಬಲ್ಲೆನೆಂದು ಗೋಳಾಡುತ್ತಾನೆ. ಇಬ್ಬರಿಗೂ ಗೊತ್ತು, ಇಬ್ಬರೂ ಬಾಯಿ ಬಿಡಲಿಲ್ಲ. ಕರ್ಣನ ನಿಷ್ಠೆಗೆ ನಾವೂ ತಲೆಬಾಗುತ್ತೇವೆ; ಆ ಮೌನವನ್ನು ಮಾತ್ರ ಮೆಚ್ಚಲಾರೆವು. ಆಡಿದ್ದರೆ ಯುದ್ಧ ನಿಲ್ಲುತ್ತಿತ್ತೋ ಇಲ್ಲವೋ, ಹೆಣದ ಮುಂದೆ ಆಡಿದ ಮಾತನ್ನು ಜೀವವಿದ್ದಾಗಲೇ ಆಡಿದಂತಾಗುತ್ತಿತ್ತು.

ಅದು ಕಾವ್ಯದ ಮಾತಾಯಿತು. 2022ರಲ್ಲಿ ನಮ್ಮ ಸೀಮೆಯ ತೊಗರಿಗೆ ನೆಟೆರೋಗ ಬಂದು ನಿಂತ ಬೆಳೆ ನಿಂತಲ್ಲೇ ಒಣಗಿತಷ್ಟೆ. ಕಮಲಾಪುರದ ಭಕ್ತನೊಬ್ಬ, ಹೆಸರು ಬೇಡ, ಕಲಬುರಗಿಯ ಗಂಜಿನಲ್ಲಿ ಅಂಗಡಿ ಇಟ್ಟಿದ್ದ ಬಾಲ್ಯದ ಗೆಳೆಯನಿಂದ ಕೈಗಡ ತಂದಿದ್ದ. ಕಾಗದವಿಲ್ಲ, ಸಾಕ್ಷಿಯಿಲ್ಲ. ತೀರಿಸಲಾಗದೆ ನಾಚಿ, ಶಹರಕ್ಕೆ ಬಂದರೂ ಬೇರೆ ಓಣಿ ಹಿಡಿದು ಹೋಗತೊಡಗಿದ. ಅಂಗಡಿಯವನಿಗೆ ರೊಕ್ಕಕ್ಕಿಂತ ಅದೇ ದೊಡ್ಡ ನೋವು. ಇಬ್ಬರೂ ಬೇರೆ ಬೇರೆ ಸೋಮವಾರ ಮಠಕ್ಕೆ ಬಂದು ನಮ್ಮ ಮುಂದೆ ಎದೆ ಬಿಚ್ಚಿದರು. ನಮಗೇಕಪ್ಪಾ ಹೇಳುವುದು!

ಒಬ್ಬರ ಮಾತನ್ನು ಇನ್ನೊಬ್ಬರಿಗೆ ಮುಟ್ಟಿಸುವ ಕೆಲಸ ನಾವು ಮಾಡಲಿಲ್ಲ. ಅಂಗಡಿಯವನಿಗೆ ಹೇಳಿದೆವು: ‘ಕಮಲಾಪುರದ ಕೆಂಪು ಬಾಳೆ ಕಾಯಿದ್ದಾಗಲೂ ಕೆಂಪೇ. ಬಣ್ಣ ನೋಡಿದರೆ ತಿಳಿಯುವುದಿಲ್ಲ, ಒತ್ತಿ ನೋಡಬೇಕು. ಮುಖ ತಪ್ಪಿಸಿದವನೆಲ್ಲ ಮೋಸಗಾರನೆಂದು ತಿಳಿದೆಯಾ? ಕೇಳಿ ನೋಡಿದ್ದೀಯಾ?’

ಕಮಲಾಪುರದವನಿಗೆ ಹೇಳಿದೆವು: ‘ಇಲ್ಲದಿದ್ದರೆ ಇಲ್ಲ ಅನ್ನು. ಯಾವಾಗ ಕೊಡುವುದಾಗುತ್ತದೆಂದು ಗೊತ್ತಿಲ್ಲದಿದ್ದರೆ ಅದನ್ನೂ ಹೇಳು. ಸುಳ್ಳು ವಾಯಿದೆ ಮಾತ್ರ ಕೊಡಬೇಡ. ಬಸ್ಸು ಹತ್ತಿದರೆ ತಾಸಿನ ದಾರಿ.’ ವಿಭೂತಿ ಕೊಟ್ಟು ಕಳಿಸಿದೆವು.

ಹೋದ. ಅಸಲಿನಲ್ಲಿ ಇನ್ನೂ ಅರ್ಧ ಬಾಕಿ ಇದೆಯಂತೆ. ಹೋದ ಜಾತ್ರೆಗೆ ಇಬ್ಬರೂ ಒಂದೇ ಜೀಪಿನಲ್ಲಿ ಬಂದಿದ್ದರು.