ಮರದ ಜೋಡಿನ ಮುದುಕ
(ಚಿತ್ರ ತೋರಿಸಿದ ಬಳಿಕ ಮಾಡಿದ ಭಾಷಣ)



ನಾವೀಗ ನೋಡಿದ ಚಿತ್ರದಲ್ಲಿ ಕುಣಿತವಿಲ್ಲ, ಬಡಿದಾಟವಿಲ್ಲ. ಅರ್ಧ ಗಂಟೆಯೂ ತುಂಬದ ಕಪ್ಪು ಬಿಳುಪಿನ ಚಿತ್ರ. ಅದರ ನಾಯಕ ಫ್ರಾನ್ಸಿನ ಲ್ವಾರ್ ನದಿಯ ದಡದ ಹಳ್ಳಿಯ ಒಬ್ಬ ಮುದುಕ. ಮರವನ್ನು ಕೊರೆದು, ಪಾದ ಪೂರ್ತಿ ಮುಚ್ಚುವ ಜೋಡು ಮಾಡಿ ಹೊಟ್ಟೆ ಹೊರೆಯುವವನು. ಜಾಕ್ ದೆಮಿ ಎಂಬುವರು 1955ರಲ್ಲಿ ಇದನ್ನು ತೆಗೆದರು.

ಇಂಥವನ ಮೇಲೆ ಚಿತ್ರವೇಕೆ? ಅದರ ಹಿಂದೆ ಒಂದು ಋಣವಿದೆ. ದೆಮಿ ನಾಂತ್ ನಗರದ ಮೋಟಾರು ಮೆಕ್ಯಾನಿಕ್ಕೊಬ್ಬರ ಮಗ. 1943ರ ಸೆಪ್ಟೆಂಬರಿನಲ್ಲಿ, ಜರ್ಮನರ ವಶದಲ್ಲಿದ್ದ ಆ ಊರಿನ ಮೇಲೆ ಮಿತ್ರರಾಷ್ಟ್ರಗಳ ವಿಮಾನಗಳು ಬಾಂಬು ಸುರಿಸಿದವು. ಸಾವಿರಕ್ಕೂ ಮಿಕ್ಕಿ ಜನ ಸತ್ತರು. ಹನ್ನೆರಡು ವರ್ಷದ ಹುಡುಗನಿಗೆ ಆಶ್ರಯ ಕೊಟ್ಟದ್ದು ಈ ಮುದುಕನ ಮನೆ. ಹುಡುಗ ಬೆಳೆದು, ಕ್ಯಾಮರಾ ಹಿಡಿದು ಅದೇ ಮನೆಗೆ ಮರಳಿದ. ರೈತರ ಬಾಳಿನ ಮೇಲೆ ಚಿತ್ರ ತೆಗೆದು ಹೆಸರಾಗಿದ್ದ ಜಾರ್ಜ್ ರೂಕಿಯೆ ಬೆಂಬಲಕ್ಕೆ ನಿಂತರು. ಚಿತ್ರದಲ್ಲಿ ಕೇಳಿಸುವ ವಿವರಣೆಯ ದನಿಯೂ ಅವರದೇ.

ಆ ಕೈಗಳನ್ನು ನೋಡಿದಿರಲ್ಲ! ಕೊಡಲಿಯಿಂದ ಒರಟಾಗಿ ಕಡಿದು, ಉದ್ದ ಅಲಗಿನಿಂದ ಹೊರಮೈ ತಿದ್ದಿ, ಬೈರಿಗೆಯಿಂದ ಒಳಗನ್ನು ಕೊರೆಯುತ್ತವೆ. ಗಿರಣಿಯಲ್ಲಿ ನೂಲು ತೆಗೆದವನು ಅದರಿಂದಾದ ಸೀರೆಯನ್ನು ಕಾಣಲಾರ. ಈತನಾದರೋ ಮರದ ತುಂಡಿನಿಂದ ಮುಗಿದ ಜೋಡಿನವರೆಗೆ ಎಲ್ಲವನ್ನೂ ಕಾಣುತ್ತಾನೆ.

ಹಾಗೆಂದು ಹಳೆಯ ಕಾಲವೇ ಚೆನ್ನಾಗಿತ್ತೆಂದು ನಾವು ಹೇಳುವುದಿಲ್ಲ. ಗಟ್ಟಿ ಮರದಲ್ಲಿ ಪಾದವಿಟ್ಟು ದಿನವಿಡೀ ದುಡಿಯುವುದು ಸುಖವಲ್ಲ. ಕಾರ್ಖಾನೆಯ ರಬ್ಬರು ಜೋಡು ಹಗುರ. ಜನ ಅದನ್ನು ಕೊಂಡರೆ ತಪ್ಪಿಲ್ಲ. ಅದನ್ನು ಮಾರುವ ಅಂಗಡಿಯವನದೂ ತಪ್ಪಿಲ್ಲ. ಸರಕು ಬೇಡವಾದಾಗ ಅದನ್ನು ಮಾಡಿದ ಮನುಷ್ಯನೂ ಬೇಡವೆನ್ನುವ ಲೆಕ್ಕವಿದೆಯಲ್ಲ, ತಪ್ಪಿರುವುದು ಅಲ್ಲಿ.

ಚಿತ್ರದಲ್ಲಿ ಮುದುಕನ ಗೆಳೆಯನೊಬ್ಬ ಸಾಯುತ್ತಾನೆ. ಈತ ತನ್ನ ಸಾವನ್ನು ನೆನೆಯುತ್ತಾನೆ. ಆದರೂ ಕೆಲಸ ನಿಲ್ಲುವುದಿಲ್ಲ. ಇದನ್ನು ಧೈರ್ಯವೆಂದು ಹೊಗಳಿ ಎದ್ದುಹೋಗುವುದು ಸುಲಭ. ನಾವು ಕೇಳಬೇಕಾದ ಪ್ರಶ್ನೆ ಬೇರೆ. ಬಾಂಬು ಬಿದ್ದ ದಿನಗಳಲ್ಲಿ ಪರರ ಮಗುವಿಗೆ ಅನ್ನವಿಟ್ಟ ಮನುಷ್ಯನ ಬೆಲೆಯನ್ನು ಆತ ಮಾರಿದ ಜೋಡುಗಳಿಂದ ಎಣಿಸಬಹುದೇ? ದೆಮಿ ಎಣಿಸಲಿಲ್ಲ. ನಾವೂ ಎಣಿಸದಿರೋಣ. ಮುಪ್ಪಿನ ಅನ್ನ ಯಾರ ಕರುಣೆಯೂ ಅಲ್ಲ, ದುಡಿದ ಕೈಗೆ ಸಲ್ಲಬೇಕಾದ ಬಾಕಿ.